ಹನ್ನೊಂದನೇ ಗಾಡಿ

2025ರ ಯುಗಾದಿ ಮುಗಿದು ಒಂದು ವಾರ ಆಗಿತ್ತು. ಶನಿವಾರ ಸಂಜೆ ಶೋರೂಮಿನ ಶಟರ್ ಅರ್ಧ ಇಳಿಸಿದ ಮೇಲೆ ಮ್ಯಾನೇಜರು ಸೇಲ್ಸ್‌ನವರನ್ನೆಲ್ಲ ಒಳಗೆ ಕರೆದರು. ಒಬ್ಬೊಬ್ಬರ ಕೈಗೂ ಒಂದೊಂದು ಹಾಳೆ ಕೊಟ್ಟರು.

"ಇನ್ಮೇಲೆ ಸಂಬಳಕ್ಕೆ ಎರಡು ಪ್ಲಾನ್. ಯಾವುದು ಬೇಕೋ ಟಿಕ್ ಮಾಡಿ ಸೋಮವಾರ ಕೊಡಿ. ಒಂದು ಸಲ ಆರಿಸಿಕೊಂಡರೆ ವರ್ಷ ಪೂರ್ತಿ ಅದೇ" ಅಂದರು.

ನಾನು ತಿಪಟೂರಿನಲ್ಲಿ ಟೂ ವೀಲರ್ ಮಾರುವ ಕೆಲಸದಲ್ಲಿದ್ದೇನೆ. ಏಳು ವರ್ಷ ಆಯಿತು. ಬೈಕಾಗಲಿ ಸ್ಕೂಟರಾಗಲಿ ನಾವು ಗಾಡಿ ಅಂತಲೇ ಅನ್ನೋದು. ಬಂದವರ ಎಂಕ್ವೈರಿ ಬರೆದುಕೊಳ್ಳೋದು, ಟೆಸ್ಟ್ ರೈಡ್ ಕೊಡಿಸೋದು, ಫೈನಾನ್ಸ್‌ನವರ ಹಿಂದೆ ಬಿದ್ದು ಲೋನ್ ಪಾಸ್ ಮಾಡಿಸೋದು, ಕೊನೆಗೆ ಪೂಜೆ ಮಾಡಿಸಿ ನಿಂಬೆಹಣ್ಣಿನ ಮೇಲೆ ಚಕ್ರ ಹತ್ತಿಸಿ ಕಳಿಸೋದು, ಎಲ್ಲ ನಮ್ಮದೇ. ನನಗೆ ಈ ಕೆಲಸ ಇಷ್ಟ. ಮೊದಲ ಗಾಡಿ ತಗೊಳ್ಳೋಕೆ ಮನೆಮಂದಿಯೆಲ್ಲ ಬಂದು ನಿಂತಿರೋದನ್ನ ಎಷ್ಟು ಸಲ ನೋಡಿದರೂ ಸಾಕಾಗಲ್ಲ.

ಹಾಳೆಯಲ್ಲಿ ಇದ್ದದ್ದು ಇಷ್ಟು. ಪ್ಲಾನ್ ಎ: ತಿಂಗಳಿಗೆ 18,000 ರೂಪಾಯಿ ಸಂಬಳ, ಡೆಲಿವರಿ ಆದ ಪ್ರತಿ ಗಾಡಿಗೆ 250. ಇದು ನಮಗೆ ಆಗಲೇ ಇದ್ದ ಲೆಕ್ಕ. ಪ್ಲಾನ್ ಬಿ: ಸಂಬಳ 12,000, ಗಾಡಿಗೆ 800. ಕೆಳಗೆ ಸಣ್ಣ ಅಕ್ಷರದಲ್ಲಿ ಇನ್ನೂ ಎರಡು ಸಾಲು ಇತ್ತು. ಅವತ್ತು ಅದನ್ನ ಯಾರೂ ಓದಲಿಲ್ಲ. ನಾನೂ ಓದಲಿಲ್ಲ.

ಎಲ್ಲರ ಬಾಯಲ್ಲೂ ಅಕ್ಟೋಬರ್ ಬಂತು. 2024ರಲ್ಲಿ ಆಯುಧಪೂಜೆ, ದೀಪಾವಳಿ ಎರಡೂ ಅಕ್ಟೋಬರಿನಲ್ಲೇ ಶುರುವಾಗಿದ್ದವು. ಆ ತಿಂಗಳು ನಾನೊಬ್ಬಳೇ 24 ಗಾಡಿ ಕೊಟ್ಟಿದ್ದೆ. ನಿಂತಲ್ಲೇ ಲೆಕ್ಕ ಹಾಕಿದೆ. ಎ ಪ್ಲಾನ್‌ನಲ್ಲಿ 18,000ಕ್ಕೆ 6,000 ಸೇರಿ 24,000. ಬಿ ಪ್ಲಾನ್‌ನಲ್ಲಿ 12,000ಕ್ಕೆ 19,200 ಸೇರಿ 31,200. ಏಳು ಸಾವಿರದ ಇನ್ನೂರು ಜಾಸ್ತಿ! ನನ್ನ ಜೊತೆ ಕೆಲಸ ಮಾಡುವ ಹುಡುಗ ಅಲ್ಲೇ ಬಿ ಮುಂದೆ ಟಿಕ್ ಹಾಕಿಬಿಟ್ಟ. "ಅಕ್ಕ, ಇದರಲ್ಲಿ ಯೋಚನೆ ಮಾಡೋಕೆ ಏನಿದೆ? ಮಾರಿದಷ್ಟೂ ದುಡ್ಡು" ಅಂದ. ನನ್ನ ಪೆನ್ನೂ ಅಲ್ಲಿಗೇ ಹೋಗಿತ್ತು. ಆದರೆ ಆಷಾಢ ನೆನಪಾಯಿತು. ಆಷಾಢದಲ್ಲಿ ನಮ್ಮ ಕಡೆ ಹೊಸ ಗಾಡಿ ಮನೆಗೆ ತರೋರು ಕಮ್ಮಿ. ಹಾಳೆಯನ್ನ ಮಡಚಿ ಬ್ಯಾಗಿಗೆ ಹಾಕಿಕೊಂಡು ಮನೆಗೆ ಬಂದೆ.

ರಾತ್ರಿ ಊಟ ಆದಮೇಲೆ ಕೂತೆ. ಮೊದಲು ಮಾಡಿದ್ದು ಎಲ್ಲರೂ ಮಾಡೋದೇ. 5 ಗಾಡಿ ಆದರೆ ಎಷ್ಟು, 10 ಆದರೆ ಎಷ್ಟು, 15 ಆದರೆ ಎಷ್ಟು ಅಂತ ಬರೆಯುತ್ತಾ ಹೋದೆ. ಐದಕ್ಕೆ ಎ ಮೇಲು, ಹದಿನೈದಕ್ಕೆ ಬಿ ಮೇಲು. ಎಲ್ಲೋ ನಡುವೆ ತಿರುಗುತ್ತೆ. ಎಲ್ಲಿ ಅಂತ ತಿಳಿಯೋಕೆ ಒಂದೊಂದೇ ಸಂಖ್ಯೆ ಹಾಕಿ ನೋಡಬೇಕಾ ಅಂತ ಯೋಚಿಸುವಾಗ ನಮ್ಮ ಹೈಸ್ಕೂಲಿನ ಗಣಿತದ ಮೇಷ್ಟ್ರು ನೆನಪಾದರು. ಅವರು ಬೋರ್ಡಿನ ಮೇಲೆ ಕುದುರೆ ಬರೆದಿದ್ದರು.

ಆ ಲೆಕ್ಕ ಭಾಸ್ಕರಾಚಾರ್ಯರದು. ಅವರ ಬೀಜಗಣಿತದ ಪುಸ್ತಕದಲ್ಲಿ ಇದೆ, 1150ರ ಸುಮಾರಿಗೆ ಬರೆದದ್ದು. ಒಬ್ಬನ ಹತ್ತಿರ 300 ನಾಣ್ಯ, 6 ಕುದುರೆ. ಇನ್ನೊಬ್ಬನ ಹತ್ತಿರ 10 ಕುದುರೆ, ಆದರೆ 100 ನಾಣ್ಯ ಸಾಲ. ಎಲ್ಲ ಕುದುರೆಗೂ ಬೆಲೆ ಒಂದೇ. ಇಬ್ಬರ ಆಸ್ತಿಯೂ ಸಮ. ಹಾಗಾದರೆ ಒಂದು ಕುದುರೆಗೆ ಎಷ್ಟು? ಗೊತ್ತಿಲ್ಲದ ಸಂಖ್ಯೆಗೆ ನಾವು ಎಕ್ಸ್ ಅನ್ನುತ್ತೇವೆ. ಭಾಸ್ಕರಾಚಾರ್ಯರು "ಯಾವತ್ ತಾವತ್" ಅಂದರು. ಕನ್ನಡದಲ್ಲಿ ಹೇಳಬೇಕು ಅಂದರೆ "ಎಷ್ಟೋ ಅಷ್ಟು." ಮೇಷ್ಟ್ರು ಇದನ್ನ ಹೇಳಿದಾಗ ನನಗೆ ಎಕ್ಸ್ ಮೇಲಿದ್ದ ಹೆದರಿಕೆ ಹೋಗಿತ್ತು. ಎಷ್ಟೋ ಅಷ್ಟು. ಗೊತ್ತಿಲ್ಲ, ಆದರೆ ಇದ್ದೇ ಇದೆ. ಅದನ್ನ ಕೈಲಿಟ್ಟುಕೊಂಡೇ ಲೆಕ್ಕ ಮುಂದುವರಿಸಬಹುದು.

ಎರಡನೆಯವನ ಹತ್ತಿರ ನಾಲ್ಕು ಕುದುರೆ ಜಾಸ್ತಿ. ಮೊದಲನೆಯವನ ಹತ್ತಿರ ದುಡ್ಡು ಜಾಸ್ತಿ: ಅವನದು 300, ಇವನದು 100 ಸಾಲ, ಅಂದರೆ 400ರ ವ್ಯತ್ಯಾಸ. ನಾಲ್ಕು ಕುದುರೆ 400ಕ್ಕೆ ಸಮ. ಒಂದಕ್ಕೆ 100.

ನನ್ನ ಕೈಲಿದ್ದ ಹಾಳೆಯೂ ಇದೇ ಅಲ್ವಾ? ಒಬ್ಬಳಿಗೆ ಸಂಬಳ ಜಾಸ್ತಿ, ಗಾಡಿಯ ದುಡ್ಡು ಕಮ್ಮಿ. ಇನ್ನೊಬ್ಬಳಿಗೆ ಸಂಬಳ ಕಮ್ಮಿ, ಗಾಡಿಯ ದುಡ್ಡು ಜಾಸ್ತಿ. ಇಬ್ಬರೂ ಸಮ ಆಗೋದು ಎಷ್ಟು ಗಾಡಿಗೆ? ಎಕ್ಸ್ ಬದಲು ಗಾಡಿಯ "ಗ" ಇಟ್ಟುಕೊಂಡೆ.

18,000 + 250ಗ = 12,000 + 800ಗ

ಸಂಬಳವನ್ನೆಲ್ಲ ಒಂದು ಕಡೆಗೆ, ಗಾಡಿಯನ್ನೆಲ್ಲ ಇನ್ನೊಂದು ಕಡೆಗೆ ತಂದೆ.

6,000 = 550ಗ

ಗ = 10.9

ಗಾಡಿಯನ್ನ ಮುರಿದು ಮಾರೋಕೆ ಆಗಲ್ಲ. ಅದಕ್ಕೆ 10ನ್ನೂ 11ನ್ನೂ ಹಾಕಿ ನೋಡಿದೆ. ಹತ್ತು ಗಾಡಿಗೆ ಎ 20,500, ಬಿ 20,000. ಹನ್ನೊಂದಕ್ಕೆ ಎ 20,750, ಬಿ 20,800. ಐವತ್ತೇ ರೂಪಾಯಿ, ಆದರೆ ತಿರುಗೋದು ಅಲ್ಲೇ. ಹನ್ನೊಂದನೇ ಗಾಡಿಯಿಂದ ಬಿ ಮೇಲು.

ಇಷ್ಟಕ್ಕೇ ನಿಂತಿದ್ದರೆ ನಾನು ತಪ್ಪು ಮಾಡುತ್ತಿದ್ದೆ. ಹನ್ನೊಂದು ಅನ್ನೋದು ಹಾಳೆಯ ಸಂಖ್ಯೆ. ನನ್ನ ಸಂಖ್ಯೆ ಎಷ್ಟು ಅನ್ನೋದು ಬೇರೆ ಕಡೆ ಇತ್ತು. ಬೀರುವಿನಿಂದ ನನ್ನ ಡೈರಿ ತೆಗೆದೆ. ಯಾವ ಗಾಡಿ ಯಾವತ್ತು ಡೆಲಿವರಿ ಆಯಿತು, ಯಾವ ಊರಿನವರು, ಕ್ಯಾಶಾ ಲೋನಾ ಅಂತ ಮೊದಲಿನಿಂದಲೂ ಬರೆದಿಡುತ್ತೇನೆ. ಇನ್ಸೆಂಟಿವ್‌ನಲ್ಲಿ ಒಂದು ಗಾಡಿ ಬಿಟ್ಟುಹೋದರೆ ತೋರಿಸೋಕೆ ಅಂತ ಶುರುಮಾಡಿದ್ದು. 2024ರ ಏಪ್ರಿಲ್‌ನಿಂದ 2025ರ ಮಾರ್ಚ್‌ವರೆಗೆ ತಿಂಗಳ ಲೆಕ್ಕ ಎತ್ತಿ ಬರೆದೆ:

12, 13, 9, 4, 11, 7, 24, 14, 8, 7, 10, 15.

ಆ ಸಾಲನ್ನ ನೋಡುತ್ತಾ ಸ್ವಲ್ಪ ಹೊತ್ತು ಸುಮ್ನೆ ಕೂತೆ. ಇಡೀ ವರ್ಷ ಅಲ್ಲಿ ಕಾಣುತ್ತಿತ್ತು. ಏಪ್ರಿಲ್‌ನ 12 ಯುಗಾದಿಯದು, ಮೇ ತಿಂಗಳ 13 ಮದುವೆಗಳದು. ನಾಲ್ಕು ಅಂದರೆ ಆಷಾಢ. ಆಗಸ್ಟ್‌ನಲ್ಲಿ ವರಮಹಾಲಕ್ಷ್ಮಿ ಹಬ್ಬ, ಸೆಪ್ಟೆಂಬರಿನ ಕೊನೆಗೆ ಪಿತೃಪಕ್ಷ, ಡಿಸೆಂಬರ್ ಜನವರಿಯಲ್ಲಿ ಧನುರ್ಮಾಸ. ಹಬ್ಬಗಳ ಜೊತೆ ನಮ್ಮ ಊರಿಗೆ ಇನ್ನೊಂದು ಲೆಕ್ಕ ಇದೆ, ಕೊಬ್ಬರಿ. ಇಲ್ಲಿ ತೆಂಗಿನಕಾಯಿಯನ್ನ ಅಟ್ಟದ ಮೇಲೆ ಹತ್ತು ಹನ್ನೊಂದು ತಿಂಗಳು ಇಡುತ್ತಾರೆ. ಒಳಗಿನ ನೀರು ಆರಿ ಉಂಡೆ ಕೊಬ್ಬರಿ ಆದಮೇಲೆ ಸುಲಿದು ಮಾರ್ಕೆಟ್ಟಿಗೆ ತರುತ್ತಾರೆ. ರೇಟು ಚೆನ್ನಾಗಿ ಸಿಕ್ಕಿದ ವಾರ ನಮ್ಮ ಶೋರೂಮಿಗೆ ಕ್ಯಾಶ್ ಗಿರಾಕಿ ಬರುತ್ತಾರೆ. ರೇಟು ಬಿದ್ದರೆ "ಅಟ್ಟದಲ್ಲಿರೋದು ಇಳಿಸಲಿ, ಆಮೇಲೆ ನೋಡೋಣ" ಅಂತ ಹೋಗುತ್ತಾರೆ. ನನ್ನ ಗ ನನ್ನೊಬ್ಬಳ ಕೈಲಿಲ್ಲ. ಪಂಚಾಂಗದ ಕೈಲೂ ಇದೆ, ಕೊಬ್ಬರಿ ಕೈಲೂ ಇದೆ.

ಎಲ್ಲ ಕೂಡಿದರೆ 134. ಹನ್ನೆರಡರಿಂದ ಭಾಗಿಸಿದರೆ ತಿಂಗಳಿಗೆ 11ರ ಮೇಲೆ ಚೂರು. ಹನ್ನೊಂದು ಗಾಡಿಯ ಗೆರೆ ಮುಟ್ಟಿದ ತಿಂಗಳು ಆರು, ಮುಟ್ಟದ ತಿಂಗಳು ಆರು. ವರ್ಷದ ಮೊತ್ತ ಹಾಕಿದೆ. ಎ: 2,16,000 + 33,500, ಒಟ್ಟು 2,49,500. ಬಿ: 1,44,000 + 1,07,200, ಒಟ್ಟು 2,51,200. ವರ್ಷಕ್ಕೆ 1,700 ರೂಪಾಯಿ ವ್ಯತ್ಯಾಸ. ಶನಿವಾರ ಸಂಜೆ ಏಳು ಸಾವಿರ ಅಂತ ಕಂಡಿದ್ದು ರಾತ್ರಿ ಹನ್ನೊಂದಕ್ಕೆ ಒಂದೂವರೆ ಸಾವಿರದ ಹತ್ತಿರ ಬಂದು ನಿಂತಿತ್ತು. ಅದೂ ಒಂದು ತಿಂಗಳಿಗಲ್ಲ, ಹನ್ನೆರಡು ತಿಂಗಳಿಗೆ.

ಭಾನುವಾರ ಬೆಳಿಗ್ಗೆ ಮಗಳನ್ನ ಕೂರಿಸಿಕೊಂಡೆ. ಅವಳ ಎಸ್ಸೆಸ್ಸೆಲ್ಸಿ ಪರೀಕ್ಷೆ ಆಗಷ್ಟೇ ಮುಗಿದಿತ್ತು. ಎರಡು ಸಮೀಕರಣಕ್ಕೆ ನಕ್ಷೆ ಬರೆಯೋದು ಅವಳಿಗೆ ಬಾಯಿಪಾಠ ಇದ್ದ ಹಾಗೆ. ಉಳಿದಿದ್ದ ಗ್ರಾಫ್ ಹಾಳೆ ತಂದಳು. ಅಡ್ಡಕ್ಕೆ ಗಾಡಿ, ಉದ್ದಕ್ಕೆ ರೂಪಾಯಿ. ಮೊದಲನೇ ಸಲ ಬರೆದಾಗ ಎರಡು ಗೆರೆಯೂ ನಡುವೆ ಒಂದರ ಮೇಲೊಂದು ಮಲಗಿದ ಹಾಗೆ ಕಂಡವು. ಎಲ್ಲಿ ಕೂಡುತ್ತವೆ ಅಂತಲೇ ತಿಳಿಯಲಿಲ್ಲ. ಅವಳು ಸ್ಕೇಲ್ ಬದಲಿಸಿ, ಒಂದು ಸೆಂಟಿಮೀಟರಿಗೆ ಸಾವಿರ ರೂಪಾಯಿ ಅಂತ ಇಟ್ಟು ಇನ್ನೊಂದು ಹಾಳೆಯಲ್ಲಿ ಬರೆದಳು. ಆಗ ಹತ್ತಕ್ಕೂ ಹನ್ನೊಂದಕ್ಕೂ ನಡುವೆ, ಹನ್ನೊಂದಕ್ಕೆ ಅಂಟಿಕೊಂಡ ಹಾಗೆ ಗೆರೆಗಳು ಕೂಡಿದವು.

ಆ ನಕ್ಷೆ ನನಗೆ ಸಮೀಕರಣ ಹೇಳದೇ ಇದ್ದದ್ದನ್ನ ಹೇಳಿತು. ಒಂಬತ್ತರಿಂದ ಹದಿಮೂರರ ತನಕ ಎರಡು ಗೆರೆಯ ನಡುವೆ ಹೆಚ್ಚು ಅಂದರೆ ಸಾವಿರದ ಚಿಲ್ಲರೆ. ಅಲ್ಲಿ ಯಾವ ಪ್ಲಾನ್ ಆದರೂ ಮನೆಗೆ ಅಂಥ ವ್ಯತ್ಯಾಸ ಇಲ್ಲ. ಕೂಡುವ ಜಾಗದಿಂದ ಒಂದೊಂದು ಗಾಡಿ ದೂರ ಹೋದ ಹಾಗೆ 550 ರೂಪಾಯಿ ಅಗಲ ಆಗುತ್ತಾ ಹೋಗುತ್ತೆ, ಎಡಕ್ಕೂ ಬಲಕ್ಕೂ. ನಾನು ನೋಡಬೇಕಾದ್ದು ಎರಡು ತುದಿ: ಅಕ್ಟೋಬರ್ ಮತ್ತು ಜುಲೈ.

ಆಗ ಮಗಳು ಶೋರೂಮಿನ ಹಾಳೆ ಎತ್ತಿಕೊಂಡು ಕೆಳಗಿನ ಸಣ್ಣ ಅಕ್ಷರ ಓದಿದಳು. "ಅಮ್ಮ, ತಿಂಗಳಿಗೆ ಐದು ಗಾಡಿಗಿಂತ ಕಮ್ಮಿ ಆದ್ರೆ ಬಿ ಪ್ಲಾನ್‌ನಲ್ಲಿ ಕಮಿಷನ್ ಇಲ್ಲ ಅಂತಿದೆ. ಹಂಗಾದ್ರೆ ಈ ಗೆರೆ ತಪ್ಪು."

ರಬ್ಬರಿನಲ್ಲಿ ಬಿ ಗೆರೆಯ ಮೊದಲ ತುಂಡನ್ನ ಒರೆಸಿದಳು. ಸೊನ್ನೆಯಿಂದ ನಾಲ್ಕರ ತನಕ 12,000ದ ಮೇಲೆ ಮಟ್ಟಸವಾಗಿ ಒಂದು ಗೆರೆ ಎಳೆದಳು. ಐದರ ಹತ್ತಿರ ಪೆನ್ಸಿಲ್ ಎತ್ತಿ, ನಾಲ್ಕು ಸೆಂಟಿಮೀಟರ್ ಮೇಲೆ 16,000ಕ್ಕೆ ಚುಕ್ಕಿ ಇಟ್ಟಳು. "ನೋಡು, ಇಲ್ಲಿ ಗೆರೆ ಮುರಿದುಹೋಯ್ತು" ಅಂದಳು. ಒರೆಸಿದ ಜಾಗದಲ್ಲಿ ಹಳೇ ಗೆರೆಯ ಗುರುತು ಇನ್ನೂ ಮಸುಕಾಗಿ ಕಾಣುತ್ತಿತ್ತು. ನನ್ನ ಜುಲೈ ಬಿದ್ದಿದ್ದು ಸರಿಯಾಗಿ ಆ ಮುರಿದ ಜಾಗದ ಕೆಳಗೆ. 4 ಗಾಡಿ.

ಆ ನಾಲ್ಕು ಸೆಂಟಿಮೀಟರ್ ಖಾಲಿ ಜಾಗ ನನ್ನ ಮನಸ್ಸಿನಲ್ಲಿ ಕೂತುಬಿಟ್ಟಿತು. ನಾಲ್ಕಕ್ಕೂ ಐದಕ್ಕೂ ಒಂದೇ ಗಾಡಿ ವ್ಯತ್ಯಾಸ, ದುಡ್ಡು ಮಾತ್ರ ನಾಲ್ಕು ಸಾವಿರ. ತಿಂಗಳ ಕೊನೇ ದಿನ ನಾಲ್ಕರಲ್ಲಿ ನಿಂತವಳು ಏನು ಮಾಡುತ್ತಾಳೆ? ತನ್ನ ಕೈಯಿಂದ ಸಾವಿರ ಎರಡು ಸಾವಿರ ಬಿಟ್ಟಾದರೂ ಐದನೇ ಗಾಡಿ ಕೊಡಿಸುತ್ತಾಳೆ. ಇನ್ನೊಂದು, ಗಾಡಿ ಬುಕ್ ಮಾಡಿಸೋದು ನಮ್ಮ ಕೆಲಸ, ಆದರೆ ಲೆಕ್ಕಕ್ಕೆ ಬರೋದು ಡೆಲಿವರಿ. ಲೋನ್ ಎರಡು ದಿನ ತಡ ಆದರೆ, ಕೇಳಿದ ಬಣ್ಣದ ಸ್ಟಾಕ್ ಬರದಿದ್ದರೆ, ಅಮಾವಾಸ್ಯೆ ಕಳೀಲಿ ಅಂತ ಗಿರಾಕಿ ಹೇಳಿದರೆ, ಆ ಗಾಡಿ ಮುಂದಿನ ತಿಂಗಳಿಗೆ ಹೋಗುತ್ತೆ. ನನ್ನದಲ್ಲದ ತಡಕ್ಕೆ ನಾಲ್ಕು ಸಾವಿರ ಹೋಗಬೇಕಾ?

ಸಣ್ಣ ಅಕ್ಷರದ ಎರಡನೇ ಸಾಲು ಪೆಟ್ರೋಲಿನದು. ಎ ಪ್ಲಾನ್‌ನಲ್ಲಿ ಹಳ್ಳಿಗೆ ಹೋಗೋಕೆ ಪೆಟ್ರೋಲ್ ಸ್ಲಿಪ್ ಕೊಡುತ್ತಾರೆ. ಬಿ ಪ್ಲಾನ್‌ನಲ್ಲಿ ಓಡಾಟದ ಖರ್ಚು ನಮ್ಮದು. ಇದು ದೊಡ್ಡ ವಿಷಯ ಅಂತ ಮೊದಲು ಅನ್ನಿಸಲಿಲ್ಲ. ಆಮೇಲೆ ಕೂತು ನೋಡಿದೆ. ನೊಣವಿನಕೆರೆ, ಹೊನ್ನವಳ್ಳಿ, ಕಿಬ್ಬನಹಳ್ಳಿ ಕಡೆ ಒಂದು ಗಾಡಿ ಕೊಡಿಸೋಕೆ ಎರಡು ಸಲವಾದರೂ ಹೋಗಿ ಬರಬೇಕು. ಬರದೇ ಹೋದ ಗಿರಾಕಿಯ ಓಡಾಟ ಬೇರೆ. ಶೋರೂಮಿಗೇ ಬಂದು ತಗೊಳ್ಳೋರನ್ನೂ ಸೇರಿಸಿ ಸರಾಸರಿ ನೋಡಿದರೆ ಗಾಡಿಗೆ ಒಂದು ಲೀಟರ್. ಅಂದರೆ ಸುಮಾರು ನೂರು ರೂಪಾಯಿ. ಗಾಡಿಯ 800 ನನ್ನ ಕೈಗೆ 700 ಆಗಿ ಬರುತ್ತೆ.

18,000 + 250ಗ = 12,000 + 700ಗ

6,000 = 450ಗ

ಗ = 13.3

ಹನ್ನೊಂದು ಇದ್ದದ್ದು ಹದಿನಾಲ್ಕಾಯಿತು! ನೂರು ರೂಪಾಯಿ ಪೆಟ್ರೋಲು ಮೂರು ಗಾಡಿ ದೂರ ತಳ್ಳಿತು. ಡೈರಿಯ ಸಾಲಿಗೆ ವಾಪಸ್ ಹೋದೆ. ಹದಿನಾಲ್ಕು ಮುಟ್ಟಿದ್ದು ಅಕ್ಟೋಬರ್, ನವೆಂಬರ್, ಮಾರ್ಚ್. ಹನ್ನೆರಡರಲ್ಲಿ ಮೂರು ತಿಂಗಳು.

ಪಿಎಫ್ ಲೆಕ್ಕವನ್ನೂ ಸೇರಿಸಿದೆ. ಇದನ್ನ ಸಾಮಾನ್ಯವಾಗಿ ಯಾರೂ ನೋಡಲ್ಲ, ಯಾಕೆಂದರೆ ಕೈಗೆ ಬರೋ ದುಡ್ಡಲ್ಲ. ಆಗಿದ್ದ ಪಿಎಫ್ ಕಾಯ್ದೆಯಲ್ಲಿ ಕಮಿಷನ್ ಮೂಲ ವೇತನದೊಳಗೆ ಸೇರುತ್ತಿರಲಿಲ್ಲ. ನಮ್ಮ ಶೋರೂಮಿನಲ್ಲಿ 15,000ದ ಮಿತಿಯವರೆಗೆ ಶೇಕಡಾ 12 ನಮ್ಮಿಂದ ಹಿಡಿದು, ಅಷ್ಟನ್ನೇ ಅವರೂ ಹಾಕುತ್ತಿದ್ದರು. ಎ ಪ್ಲಾನ್‌ನಲ್ಲಿ ಅವರ ಪಾಲು 1,800. ಬಿ ಪ್ಲಾನ್‌ನಲ್ಲಿ 12,000ಕ್ಕೆ 1,440. ತಿಂಗಳಿಗೆ 360 ಕಮ್ಮಿ, ವರ್ಷಕ್ಕೆ 4,320. ನನ್ನ ವಯಸ್ಸಾದ ಕಾಲದ ದುಡ್ಡು ಅದು.

ಹೋದ ವರ್ಷ ನಾನು ಬಿ ಪ್ಲಾನ್‌ನಲ್ಲಿ ಇದ್ದಿದ್ದರೆ ಏನಾಗುತ್ತಿತ್ತು ಅಂತ ಪೂರ್ತಿ ಕಟ್ಟಿದೆ. 2,51,200ರಲ್ಲಿ ಪೆಟ್ರೋಲಿಗೆ 13,400 ಹೋಯಿತು. ಜುಲೈನ ನಾಲ್ಕು ಗಾಡಿಯ 3,200 ಹೋಯಿತು. ಪಿಎಫ್‌ನ 4,320 ಹೋಯಿತು. ಉಳಿದದ್ದು 2,30,280. ಎ ಪ್ಲಾನ್‌ಗಿಂತ 19,220 ಕಮ್ಮಿ. ಸಮೀಕರಣ ಮೊದಲ ಸಲ ಬಿ ಮೇಲು ಅಂದಿದ್ದು ಸುಳ್ಳಲ್ಲ. ನಾನು ಅದಕ್ಕೆ ಎಲ್ಲವನ್ನೂ ಹೇಳಿರಲಿಲ್ಲ.

ಕೊನೆಯ ಲೆಕ್ಕ ಮನೆಯದು. ನಮ್ಮ ಮನೆಯವರು ಕೊಬ್ಬರಿ ಮಂಡಿಯಲ್ಲಿ ತೂಕದ ಕೆಲಸ ಮಾಡುತ್ತಾರೆ, ದಿನದ ಕೂಲಿ ಲೆಕ್ಕ. ಮಾಲು ಬಂದ ದಿನ ಕೆಲಸ, ಬರದ ದಿನ ಇಲ್ಲ. ಹಾಗಾಗಿ ತಪ್ಪದೇ ಕಟ್ಟಬೇಕಾದ್ದೆಲ್ಲ ನನ್ನ ಸಂಬಳದ ಮೇಲೆ: ಬಾಡಿಗೆ 5,500, ಸಂಘದ ಸಾಲದ ಕಂತು 2,200, ಚೀಟಿ 2,000, ಆಮೇಲೆ ದಿನಸಿ, ಹಾಲು, ಗ್ಯಾಸು. ಪಿಎಫ್ ಕಡಿತವೂ ಸೇರಿದರೆ 16,900. ಈಗ ಕೇಳಬೇಕಾದ್ದು ಯಾವುದು ಮೇಲು ಅಂತ ಅಲ್ಲ. ಬಿ ಪ್ಲಾನ್‌ನಲ್ಲಿ ತಿಂಗಳು ದಾಟೋಕೆ ಎಷ್ಟು ಗಾಡಿಯಾದರೂ ಬೇಕು ಅಂತ. 12,000 + 700ಗ ಕನಿಷ್ಠ 16,900 ಆಗಬೇಕು. 700ಗ ಅಂದರೆ 4,900. ಗ ಅಂದರೆ 7. ಸೆಪ್ಟೆಂಬರ್, ಜನವರಿ ಎರಡೂ ಸರಿಯಾಗಿ 7. ಒಂದು ಗಾಡಿ ಕೈತಪ್ಪಿದರೂ ಆ ತಿಂಗಳು ಸಾಲ. ಜುಲೈ ಅಂತೂ ಕೇಳಲೇಬೇಡಿ.

ಮನೆಯಲ್ಲಿ ಒಂದು ಆದಾಯ ಆಗಲೇ ಏರಿಳಿತದ್ದು. ಇನ್ನೊಂದೂ ಅದರ ಜೊತೆ ಕುಣಿಯೋದು ಬೇಡ ಅನ್ನಿಸಿತು. ಮನೆಯವರಿಗೆ ನಕ್ಷೆ ತೋರಿಸಿದೆ. ಅವರು ಓದಿದ್ದು ಏಳನೇ ಕ್ಲಾಸು. ಮುರಿದ ಗೆರೆಯ ಮೇಲೆ ಬೆರಳಿಟ್ಟು, "ಇದು ಬೇಡ. ಆದ್ರೆ ಜಾಸ್ತಿ ಮಾರಿದ್ರೂ 250ರಲ್ಲೇ ಇರ್ತೀಯಾ? ನಡುವಿನದು ಒಂದು ಕೇಳು" ಅಂದರು. ಮೂರನೆಯದೊಂದು ಕೇಳಬಹುದು ಅಂತ ನನಗೆ ಹೊಳೆದೇ ಇರಲಿಲ್ಲ.

ಆಗ ಗೊತ್ತಿಲ್ಲದ ಸಂಖ್ಯೆ ಬದಲಾಯಿತು. ಗಾಡಿ ಎಷ್ಟು ಅಂತ ಡೈರಿಯಲ್ಲಿದೆ, 134. ಈಗ ಬೇಕಾದ್ದು ಗಾಡಿಗೆ ಎಷ್ಟು ಕೊಟ್ಟರೆ ನನಗೆ ನಷ್ಟ ಇಲ್ಲ ಅಂತ. ಸಂಬಳ 15,000ಕ್ಕಿಂತ ಕೆಳಗೆ ಇಳಿಯಬಾರದು ಅಂತ ಇಟ್ಟುಕೊಂಡೆ. ಅಲ್ಲಿಯವರೆಗೆ ಪಿಎಫ್‌ನಲ್ಲಿ ಒಂದು ಪೈಸೆಯೂ ಹೋಗಲ್ಲ. ವರ್ಷಕ್ಕೆ 1,80,000. ಎ ಪ್ಲಾನ್‌ನ 2,49,500 ಮುಟ್ಟೋಕೆ 69,500 ಬೇಕು. 134ರಿಂದ ಭಾಗಿಸಿದರೆ 519. ಸ್ವಲ್ಪ ಮೇಲೆ ಇಟ್ಟು 550 ಕೇಳೋಣ ಅಂತ ತೀರ್ಮಾನ ಮಾಡಿದೆ.

ಸೋಮವಾರ ಬೆಳಿಗ್ಗೆ ಮ್ಯಾನೇಜರ್ ಮುಂದೆ ಕೂತು ನಕ್ಷೆ ಬಿಚ್ಚಿದೆ. "ಸರ್, ಐದು ಗಾಡಿಯ ಷರತ್ತು ನೋಡಿ. ಡೆಲಿವರಿ ನಮ್ಮ ಕೈಲಿಲ್ಲ. ನಾಲ್ಕು ಗಾಡಿ ಮಾರಿದವರಿಗೂ ಬರೀ 12,000 ಬಂದರೆ ಸರ್ಕಾರದ ಕನಿಷ್ಠ ವೇತನಕ್ಕೆ ಸರಿಹೋಗುತ್ತಾ? ಪ್ರತಿ ಏಪ್ರಿಲ್‌ನಲ್ಲೂ ತುಟ್ಟಿಭತ್ಯೆ ಸೇರಿ ಆ ಪಟ್ಟಿ ಏರುತ್ತಲ್ಲ" ಅಂದೆ. ಅವರು ನಕ್ಷೆಯನ್ನ ತಿರುಗಿಸಿಕೊಂಡು ನೋಡಿದರು. "ಇದನ್ನ ಯಾರು ಬರೆದಿದ್ದು ಮೇಡಂ?" ಅಂತ ಕೇಳಿದರು. ಮಗಳು ಅಂದೆ. ಓನರ್ ಹತ್ತಿರ ಮಾತಾಡ್ತೀನಿ ಅಂದರು.

ಎರಡು ದಿನ ಬಿಟ್ಟು ಉತ್ತರ ಬಂತು. ಐದು ಗಾಡಿಯ ಷರತ್ತನ್ನ ಎಲ್ಲರಿಗೂ ತೆಗೆದರು. ಪೆಟ್ರೋಲ್ ವಿಷಯದಲ್ಲಿ ಬಿ ಪ್ಲಾನ್ ಬದಲಾಗಲಿಲ್ಲ. ನನಗೆ 15,000 ಸಂಬಳ, ಪೆಟ್ರೋಲ್ ಸ್ಲಿಪ್ ಮೊದಲಿನ ಹಾಗೇ, ಆದರೆ ಗಾಡಿಗೆ 550 ಆಗಲ್ಲ, 500 ಅಂದರು.

ಅಲ್ಲೇ ಕೌಂಟರ್ ಮೇಲೆ ಕೊಟೇಶನ್ ಹಾಳೆಯ ಹಿಂದೆ ಬರೆದೆ. 18,000 + 250ಗ = 15,000 + 500ಗ. ಮೂರು ಸಾವಿರವನ್ನ 250ರಿಂದ ಭಾಗಿಸಿದರೆ 12. ವರ್ಷಕ್ಕೆ 144 ಗಾಡಿ. ನನ್ನದು 134. ಇನ್ನು ಹತ್ತು ಮಾರಿದರೆ ಸಮ, ಹನ್ನೊಂದನೆಯದರಿಂದ ಲಾಭ. ಹೋದ ವರ್ಷದಷ್ಟೇ ಮಾರಿದರೆ ವರ್ಷಕ್ಕೆ 2,500 ನಷ್ಟ. ಆಷಾಢದಲ್ಲಿ ನಾಲ್ಕೇ ಆದರೂ 17,000 ಬರುತ್ತೆ, ಮನೆ ನಡೆಯುತ್ತೆ. ಹನ್ನೆರಡು ತಿಂಗಳಲ್ಲಿ ಹತ್ತು ಗಾಡಿ ಜಾಸ್ತಿ ಕೊಡಿಸುವ ಧೈರ್ಯ ನನಗಿತ್ತು. ಸೈನ್ ಮಾಡಿದೆ.

ಟಿಕ್ ಹಾಕಿದ್ದ ಹುಡುಗನ ಲೆಕ್ಕವನ್ನೂ ಅವತ್ತೇ ಮಾಡಿಕೊಟ್ಟೆ. ಅವನಿಗೆ ಬಿ ಬೇಡ ಅಂತ ಹೇಳೋಕೆ ಹೊರಟಿದ್ದೆ. ಆದರೆ ಅವನ ಸರಾಸರಿ ತಿಂಗಳಿಗೆ 18. ಪೆಟ್ರೋಲ್ ಕಳೆದೂ ಬಿ ಪ್ಲಾನ್‌ನಲ್ಲಿ 24,600, ಎ ಪ್ಲಾನ್‌ನಲ್ಲಿ 22,500. ಅವನು ಲೆಕ್ಕ ಹಾಕದೇ ಹಾಕಿದ ಟಿಕ್ ಅವನಿಗೆ ಸರಿಯಾಗೇ ಇತ್ತು. ಸಮೀಕರಣ ಅದೇ, ಗ ಬೇರೆ.

ಆ ವರ್ಷ ಹೇಗಾಯಿತು ಅಂತಲೂ ಹೇಳಬೇಕು. ಏಪ್ರಿಲ್ 11, ಮೇ 13, ಜೂನ್ 8, ಜುಲೈ 4. ಆಗಸ್ಟ್‌ನಲ್ಲಿ ವರಮಹಾಲಕ್ಷ್ಮಿ ಹಬ್ಬಕ್ಕೆ ಐದು ಗಾಡಿ ಹೋದವು. ಆಮೇಲೆ ಆಗಸ್ಟ್ 15ರಂದು ಪ್ರಧಾನಿ ಜಿಎಸ್‌ಟಿ ಇಳಿಸುತ್ತೇವೆ ಅಂತ ಹೇಳಿದರು. ಅಲ್ಲಿಗೆ ಶೋರೂಮ್ ನಿಂತೇಹೋಯಿತು. ನಾಳೆ ಕಮ್ಮಿಯಾಗೋ ವಸ್ತುವನ್ನ ಇವತ್ತು ಯಾರು ತಗೊಳ್ಳುತ್ತಾರೆ? ಆ ತಿಂಗಳು ಒಟ್ಟು 6. ಸೆಪ್ಟೆಂಬರ್ 22ರಿಂದ 350 ಸಿಸಿವರೆಗಿನ ಗಾಡಿಗೆ ಜಿಎಸ್‌ಟಿ ಶೇಕಡಾ 28 ಇದ್ದದ್ದು 18 ಆಯಿತು. ಅವತ್ತೇ ನವರಾತ್ರಿ ಶುರು. ಅದುವರೆಗೆ ಎರಡೇ ಇದ್ದ ನನ್ನ ಸೆಪ್ಟೆಂಬರ್ ಕೊನೇ ವಾರದಲ್ಲಿ 12 ಆಯಿತು.

ಆ ದಿನಗಳಲ್ಲಿ ಬೀಜಗಣಿತ ಇನ್ನೊಂದು ಕಡೆಯೂ ಕೈಹಿಡಿಯಿತು. ಗಿರಾಕಿಗಳು ಬಂದು, "ಹತ್ತು ಪರ್ಸೆಂಟ್ ಇಳಿದಿದೆ, ಎಂಬತ್ತು ಸಾವಿರದ ಗಾಡಿಗೆ ಎಂಟು ಸಾವಿರ ಕಮ್ಮಿ ಆಗಬೇಕು, ನೀವು ಆರು ಸಾವಿರ ಅಂತೀರಲ್ಲ" ಅಂತ ಜಗಳಕ್ಕೇ ನಿಲ್ಲುತ್ತಿದ್ದರು. ಅವರ ಸಿಟ್ಟು ನ್ಯಾಯವಾಗೇ ಇತ್ತು, ಯಾರೂ ಅವರಿಗೆ ಬಿಡಿಸಿ ಹೇಳಿರಲಿಲ್ಲ. ನಾನು ಹಾಳೆ ತಗೊಂಡು ಬರೆದು ತೋರಿಸುತ್ತಿದ್ದೆ. ತೆರಿಗೆ ಇಲ್ಲದ ಬೆಲೆ ಎಷ್ಟೋ ಅಷ್ಟು. ಅದರ 1.28 ಪಾಲು 80,000. ಹಾಗಾದರೆ ಅದು 62,500. ಹತ್ತು ಪರ್ಸೆಂಟ್ ಇಳಿಯೋದು ಅದರ ಮೇಲೆ, 80,000ದ ಮೇಲೆ ಅಲ್ಲ. 6,250 ಕಮ್ಮಿ, ಹೊಸ ಬೆಲೆ 73,750. ಹೊನ್ನವಳ್ಳಿ ಕಡೆಯ ಒಬ್ಬ ಯಜಮಾನರು ಆ ಹಾಳೆಯನ್ನ ಮಡಚಿ ಜೇಬಿಗೆ ಇಟ್ಟುಕೊಂಡು, "ನಮ್ಮೂರಲ್ಲಿ ತೋರಿಸ್ತೀನಿ ಕಣವ್ವಾ" ಅಂತ ಹೋದರು. ಅದೇ ವಾರ ಅವರ ಊರಿಂದ ಇನ್ನಿಬ್ಬರು ಬಂದರು.

ಸೆಪ್ಟೆಂಬರ್ ಕೊನೆಗೆ ಆರು ತಿಂಗಳ ಮೊತ್ತ 54. ಆರು ತಿಂಗಳಿಗೆ ನಾನು ಮುಟ್ಟಬೇಕಾದ್ದು 72. ಹದಿನೆಂಟು ಗಾಡಿ ಹಿಂದೆ, ಅಂದರೆ ಎ ಪ್ಲಾನ್‌ಗಿಂತ 4,500 ಹಿಂದೆ. ಆ ರಾತ್ರಿ ಬೇಜಾರಾಯಿತು. ಆದರೆ ಆರು ತಿಂಗಳಲ್ಲಿ ಒಂದು ಸಲವೂ ಬಾಡಿಗೆ ತಡ ಆಗಿರಲಿಲ್ಲ, ಸಂಘದ ಕಂತು ನಿಂತಿರಲಿಲ್ಲ. ಅಕ್ಟೋಬರಿನಲ್ಲಿ 33 ಗಾಡಿ ಹೋದವು. ಆಯುಧಪೂಜೆ ದಿನ ಮಧ್ಯಾಹ್ನದ ಊಟ ಮಾಡಿದ್ದು ಸಂಜೆ ಐದಕ್ಕೆ. 12ರ ಮೇಲೆ 21 ಗಾಡಿ, ಗಾಡಿಗೆ 250ರ ಹಾಗೆ 5,250. ಹಿಂದೆ ಇದ್ದ 4,500 ತೀರಿ 750 ಮುಂದೆ ಬಂದೆ.

ಆ ಹುಡುಗನಿಗೆ ಆಗಸ್ಟ್‌ನಲ್ಲಿ ನಾಲ್ಕೇ ಗಾಡಿ ಆಗಿತ್ತು. ಷರತ್ತು ತೆಗೆದಿದ್ದರಿಂದ ಪೆಟ್ರೋಲ್ ಕಳೆದು 14,800 ಬಂತು. ಅದೂ ಸಾಲದೆ ನನ್ನ ಹತ್ತಿರ ಎರಡು ಸಾವಿರ ಕೈಸಾಲ ತಗೊಂಡಿದ್ದ. ಅಕ್ಟೋಬರಿನಲ್ಲಿ ಅವನು ಕೊಟ್ಟಿದ್ದು 41 ಗಾಡಿ. ಸಂಬಳ ಬಂದ ದಿನ ದುಡ್ಡು ವಾಪಸ್ ಕೊಟ್ಟು, ಅಲ್ಲೇ ನಿಂತ.

"ಅಕ್ಕ, ಇನ್ನೊಂದ್ಸಲ ಹಂಗಾಗಬಾರದು. ಎಷ್ಟು ಎತ್ತಿಡಬೇಕು ಅಂತ ಹೇಳಿಕೊಡ್ತೀರಾ?"

ಊಟದ ಟೈಮಿನಲ್ಲಿ ಕೂತೆವು. ಅವನ ತಿಂಗಳ ಖರ್ಚು, ಅಮ್ಮನಿಗೆ ಕಳಿಸೋದೂ ಸೇರಿ 17,000. 12,000 + 700ಗ = 17,000 ಅಂತ ಅವನೇ ಬರೆದ. 5,000ವನ್ನ 700ರಿಂದ ಭಾಗಿಸಿ 7.1 ಅಂತ ಬರೆದು, ಅದರ ಪಕ್ಕ 8 ಅಂತ ಬರೆದು ಸುತ್ತ ಗೆರೆ ಎಳೆದ. ಆಮೇಲೆ ಅವನ ಮೊಬೈಲಿನಲ್ಲಿದ್ದ ಡೆಲಿವರಿ ಫೋಟೊಗಳನ್ನ ತಿಂಗಳ ಪ್ರಕಾರ ಎಣಿಸಿದೆವು. ಎಂಟಕ್ಕಿಂತ ಕೆಳಗೆ ಇದ್ದದ್ದು ಎರಡು ತಿಂಗಳು, ಜುಲೈ 6, ಆಗಸ್ಟ್ 4. ಜುಲೈಗೆ ಕೊರತೆ 800, ಆಗಸ್ಟ್‌ಗೆ 2,200. ಅವನು ಆರು ಐನೂರರ ನೋಟು ಎಣಿಸಿ ಶೋರೂಮಿನ ಹಳೇ ಕವರಿಗೆ ಹಾಕಿದ. ಮೇಲೆ ಪೆನ್ನಿನಲ್ಲಿ "ಆಷಾಢ" ಅಂತ ಬರೆದ.